ಮುದ್ದತು ಮೀರಿದ ಮೊರೆ

ಕರ್ಮದ ಋಣಕ್ಕೆ ಮುದ್ದತಿಲ್ಲವೆಂಬುದು ನಮ್ಮ ಜನರ ದೃಢವಾದ ನಂಬಿಕೆ. ಜನ್ಮಾಂತರದಲ್ಲಿ ಮಾಡಿದ ದ್ರೋಹವು ಈ ಜನ್ಮದಲ್ಲಿ ಬಂದು ಕದ ತಟ್ಟುವುದೆಂದೂ, ಚಿತ್ರಗುಪ್ತನ ವಹಿಯಲ್ಲಿ ಒಮ್ಮೆ ಬರೆದ ಬಾಕಿಯು ಕಾಲ ಕಳೆಯಿತೆಂಬ ಒಂದೇ ಕಾರಣದಿಂದ ಎಂದಿಗೂ ವಜಾ ಆಗದೆಂದೂ ನಂಬಿ ಬಾಳುವ ಮನುಷ್ಯನು, ತನ್ನನ್ನು ಹೊಡೆದವನೆಂದು ನಿಶ್ಚಯವಾಗಿ ಅರಿತು ತಾನೇ ಖಾಸಗಿ ಫಿರ್ಯಾದಿ ಹೂಡಿದ್ದ ವ್ಯಕ್ತಿಯು ನ್ಯಾಯಾಲಯದಿಂದ ಖುಲಾಸೆಯಾಗಿ ಹೊರಬಂದು ಪೇಟೆಯಲ್ಲಿ ಎದೆಯೆತ್ತಿ ನಡೆಯುವುದನ್ನು ಕಂಡು ವಕೀಲರ ಬಳಿಗೆ ಧಾವಿಸಿದಾಗ, ಆ ತೀರ್ಪಿನ ಮೇಲೆ ಅಪೀಲಿನ ಅನುಮತಿ ಬೇಡಲು ತನಗಿದ್ದ ಅವಧಿ 60 ದಿನಗಳು ಮಾತ್ರವೆಂದೂ ಆ ದಿನಗಳು ಸಂದುಹೋದವೆಂದೂ ಕೇಳಿ ಬೆರಗಾಗುವುದು ಸಹಜವೇ ಸರಿ. ದೈವದ ನ್ಯಾಯಾಸನಕ್ಕೆ ಇಲ್ಲದ ಈ ಅವಸರವು ಮನುಷ್ಯನ ನ್ಯಾಯಾಸನಕ್ಕೆ ಎಲ್ಲಿಂದ ಬಂದಿತು? ಕಾಲವು ಕಳೆದ ಮಾತ್ರಕ್ಕೆ ಅಪರಾಧವು ಅಪರಾಧವಲ್ಲದೆ ಹೋಗುವುದೇ? ಹೋಗುವುದಿಲ್ಲವಾದರೆ, ಮೊರೆಯಿಡುವವನು ತಡಮಾಡಿದನೆಂದು ಮೊರೆಯನ್ನೇ ತಿರಸ್ಕರಿಸುವುದು ಯಾವ ಧರ್ಮ? ಇದನ್ನು ಕಾಯಿದೆಯ ಪ್ರಶ್ನೆಯೆಂದು ವಕೀಲರಿಗೆ ಒಪ್ಪಿಸಿ ಸುಮ್ಮನಿರಬಹುದಾಗಿತ್ತು. ಆದರೆ ಕಾಯಿದೆಯ ಸೆರಗನ್ನು ತುಸು ಸರಿಸಿ ನೋಡಿದರೆ ಅದರ ಅಡಿಯಲ್ಲಿ ಪ್ರಮಾದ, ಕ್ಷಮೆ, ಕಾಲ ಇವುಗಳನ್ನು ಕುರಿತ ಬಹು ಹಳೆಯ ಧರ್ಮವಿಚಾರವೊಂದು ಅಡಗಿರುವುದು ಕಾಣುತ್ತದೆ.

ಸೊಲ್ಲಾಪುರ, ಅಕ್ಕಲಕೋಟೆಗಳ ಗಡಿಸೀಮೆಯಲ್ಲಿ ಕನ್ನಡವು ಮನೆಯ ಮಾತು, ಮರಾಠಿಯು ಕಚೇರಿಯ ಮಾತು. ಫಿರ್ಯಾದಿಯು ಕನ್ನಡದಲ್ಲಿ ನೊಂದು, ಮರಾಠಿಯಲ್ಲಿ ಜಬಾನಿ ಕೊಟ್ಟು, ಎಷ್ಟೋ ವೇಳೆ ಇಂಗ್ಲಿಷಿನಲ್ಲಿ ಸೋಲುತ್ತಾನೆ. ತಾರೀಖಿನ ಮೇಲೆ ತಾರೀಖು ಬಿದ್ದು ವರ್ಷಗಳು ಕಳೆದ ಮೇಲೆ ಒಂದು ದಿನ ಆರೋಪಿಯು ನಿರ್ದೋಷಿಯೆಂದು ತೀರ್ಪಾಗುತ್ತದೆ. ಅಂದು ಫಿರ್ಯಾದಿಯು ಕೋರ್ಟಿನ ಅಂಗಳದಲ್ಲಿ ಬಹುಶಃ ಇರುವುದೂ ಇಲ್ಲ. ಸುದ್ದಿಯು ಊರಿಗೆ ಮುಟ್ಟಿ, ಸಿಟ್ಟು ಏರಿ, ಇಳಿದು, ಮತ್ತೆ ಯಾರೋ ಕೆಣಕಿದಾಗ ಏರುವ ಹೊತ್ತಿಗೆ ತಿಂಗಳುಗಳು ಉರುಳಿರುತ್ತವೆ. ಆಗ ವಕೀಲರ ಮೇಜಿನ ಮುಂದೆ ನಡೆಯುವ ಸಂಭಾಷಣೆಯನ್ನು ಈ ಸೀಮೆಯ ಯಾವನೂ ಊಹಿಸಿಕೊಳ್ಳಬಲ್ಲನು. “ವಕೀಲಸಾಹೇಬ್ರ, ಸುಗ್ಗಿ ಇತ್ರಿ, ಆಮ್ಯಾಗ ಮಗಳ ಲಗ್ನಾ ಬಂತು. ಈಗ ಹಾಕಿದ್ರ ನಡ್ಯಾಂಗಿಲ್ಲೇನ್ರಿ?” ಎಂದು ಇವನು. “ನಡೀತದ ಗೌಡ್ರ. ತಡಾ ಆಗಿದ್ದಕ್ಕ ಮಾಫೀ ಅರ್ಜಿ ಒಂದು ಹಚ್ಚೂಣು. ಆದ್ರ ಕಾರಣ ಏನಂತ ಬರೀಲಿ?” ಎಂದು ಅವರು. ಕಾರಣವೇನೆಂದು ಬರೆಯಬೇಕೆಂಬ ಆ ಒಂದು ಪ್ರಶ್ನೆಯಲ್ಲಿ ನಮ್ಮ ಇಡೀ ವಿಷಯವು ಅಡಕವಾಗಿದೆ. ಜ್ವರವೆಂದು ಬರೆಯಬೇಕೋ, ಬಡತನವೆಂದು ಬರೆಯಬೇಕೋ, ತಿಳಿಯಲಿಲ್ಲವೆಂದು ಬರೆಯಬೇಕೋ, ಮನಸ್ಸಾಗಲಿಲ್ಲವೆಂದು ಬರೆಯಬೇಕೋ? ಕಡೆಯದನ್ನು ಯಾರೂ ಬರೆಯುವುದಿಲ್ಲ; ಬಹುಮಟ್ಟಿಗೆ ನಿಜವಾಗಿರುವುದು ಅದೇ.

ಖುಲಾಸೆಯ ಮೇಲೆ ಅಪೀಲೆಂಬುದೇ ಲೋಕದಲ್ಲಿ ಎಲ್ಲೆಡೆಯೂ ಇರುವ ಹಕ್ಕಲ್ಲವೆಂಬುದನ್ನು ಇಲ್ಲಿ ನೆನೆಯಬೇಕು. ಅಮೆರಿಕದ ಸಂವಿಧಾನವು ತನ್ನ ಐದನೆಯ ತಿದ್ದುಪಡಿಯಿಂದ ಒಮ್ಮೆ ಬಿಡುಗಡೆಯಾದವನನ್ನು ಅದೇ ಆರೋಪಕ್ಕಾಗಿ ಮತ್ತೆ ಗಂಡಾಂತರಕ್ಕೆ ನೂಕುವುದನ್ನು ನಿಷೇಧಿಸಿದೆ. ನಮ್ಮಲ್ಲಿ 1872ರ ದಂಡಪ್ರಕ್ರಿಯಾ ಸಂಹಿತೆಯು ಮೊದಲು ಈ ಬಾಗಿಲನ್ನು ತೆರೆಯಿತು, ಅದೂ ಸರ್ಕಾರಕ್ಕೆ ಮಾತ್ರ. ನೊಂದ ಫಿರ್ಯಾದಿಗೆ ಆ ಬಾಗಿಲು ತೆರೆಯಲು 1955ರ ತಿದ್ದುಪಡಿಯವರೆಗೆ ಕಾಯಬೇಕಾಯಿತು. ಆಗಲೂ ಫಿರ್ಯಾದಿಯ ಮೂಲಕ ಹೂಡಿದ ಪ್ರಕರಣಗಳಲ್ಲಿ ಮಾತ್ರ, ಉಚ್ಚ ನ್ಯಾಯಾಲಯದ ವಿಶೇಷ ಅನುಮತಿಯನ್ನು ಪಡೆದು, 60 ದಿನಗಳ ಒಳಗಾಗಿ ಎಂಬ ಮೂರು ಅಗುಳಿಗಳು ಅದಕ್ಕಿದ್ದವು. 1973ರ ಸಂಹಿತೆಯು ತನ್ನ 378ನೆಯ ಕಲಮಿನಲ್ಲಿ ಇದನ್ನೇ ಉಳಿಸಿಕೊಂಡು, ಫಿರ್ಯಾದಿಯು ಸರ್ಕಾರಿ ನೌಕರನಾಗಿದ್ದರೆ 6 ತಿಂಗಳು ಎಂದು ಸೇರಿಸಿತು; 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯ 419ನೆಯ ಕಲಮು ಅದನ್ನು ಹೆಚ್ಚುಕಡಮೆ ಹಾಗೆಯೇ ಮುಂದುವರಿಸಿದೆ. ಸಾಮಾನ್ಯನಿಗೆ ಎರಡು ತಿಂಗಳೂ, ಕಚೇರಿ, ಗುಮಾಸ್ತ, ಟಪಾಲು ಎಲ್ಲವೂ ಇರುವ ಅಧಿಕಾರಿಗೆ ಆರು ತಿಂಗಳೂ ಏಕೆಂದು ಕೇಳುವ ಓದುಗನಿಗೆ ನಾನು ಉತ್ತರ ಹೇಳಲಾರೆ. ಸರ್ಕಾರಿ ಕಡತಗಳ ನಡಿಗೆಯನ್ನು ಶಾಸನಕರ್ತರು ಚೆನ್ನಾಗಿ ಬಲ್ಲವರಾಗಿದ್ದರೆಂದು ತೋರುತ್ತದೆ.

ಈ 60 ದಿನಗಳ ಗಡಿಯು ಎಷ್ಟು ಕಠಿನವಾದುದೆಂಬ ವಿಷಯದಲ್ಲಿ ಸರ್ವೋಚ್ಚ ನ್ಯಾಯಾಲಯವೇ ಎರಡು ಬಗೆಯಾಗಿ ನುಡಿದಿದೆ. 1960ರ ದಶಕದ ಆದಿಯಲ್ಲಿ ಅದು, ಎಂತಹ ಸಕಾರಣವಿದ್ದರೂ ಈ ಗಡಿಯನ್ನು ಹಿಗ್ಗಿಸುವಂತಿಲ್ಲವೆಂದು ತೀರ್ಮಾನಿಸಿತು; ಖುಲಾಸೆಯಾದವನ ತಲೆಯ ಮೇಲೆ ಕತ್ತಿಯು ಬಹುಕಾಲ ತೂಗಬಾರದೆಂಬುದು ಅಂದಿನ ವಿಚಾರ. 1963ರ ಕಾಲಮಿತಿ ಅಧಿನಿಯಮವು ಬಂದ ಬಳಿಕ, 1970ರ ದಶಕದ ನಡುವೆ, ಅದೇ ನ್ಯಾಯಾಲಯವು ಆ ಅಧಿನಿಯಮದ 5ನೆಯ ಕಲಮು ಇಲ್ಲಿಯೂ ಅನ್ವಯಿಸುವುದರಿಂದ ಸಾಕಷ್ಟು ಕಾರಣವನ್ನು ತೋರಿಸಿದವನ ವಿಳಂಬವನ್ನು ಮನ್ನಿಸಬಹುದೆಂದಿತು. ಅಂದಿನಿಂದ ವಿವಾದವೆಲ್ಲ ಆ ಸಾಕಷ್ಟು ಕಾರಣವೆಂಬುದರ ಸುತ್ತಲೇ ಸುತ್ತುತ್ತಿದೆ. ಸಾಕಷ್ಟು ಎಂದರೆ ಯಾರಿಗೆ ಸಾಕಷ್ಟು? ತಡಮಾಡಿದವನ ಮನಸ್ಸಾಕ್ಷಿಗೋ, ನ್ಯಾಯಾಧೀಶನ ಕರುಣೆಗೋ, ಅಥವಾ ಆ ತಡದ ಭಾರವನ್ನು ಹೊರಬೇಕಾದ ಮೂರನೆಯವನಿಗೋ?

ಈ ಪ್ರಶ್ನೆಗೆ ಉತ್ತರವನ್ನು ಹುಡುಕುವವನು ಅಕ್ಕಲಕೋಟೆಯಿಂದ ಬಹುದೂರ ಹೋಗಬೇಕಾಗಿಲ್ಲ. ಗಡಿಯಾಚೆ ಕಲ್ಯಾಣವಿದೆ, ಅಲ್ಲಿ ಆರನೆಯ ವಿಕ್ರಮಾದಿತ್ಯನ ಆಳ್ವಿಕೆಯಲ್ಲಿ, ಇಂದಿಗೆ ಒಂಬತ್ತು ಶತಮಾನಗಳ ಹಿಂದೆ, ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರಾ ಎಂಬ ವ್ಯಾಖ್ಯಾನವನ್ನು ಬರೆದನು. ಕಲಬುರಗಿ ಜಿಲ್ಲೆಯ ಮರತೂರು ಅವನ ಊರೆಂದು ಪ್ರತೀತಿ. ಹಿಂದೂ ದಾಯಭಾಗದ ವಿಚಾರದಲ್ಲಿ ಈ ಗ್ರಂಥದ ಹೆಸರನ್ನು ಕೇಳದ ವಕೀಲರಿಲ್ಲ. ಆದರೆ ವ್ಯವಹಾರವೆಂದರೆ ನ್ಯಾಯವಿಚಾರಣೆಯ ಕ್ರಮವನ್ನು ಅದು ನಿರೂಪಿಸುವ ಭಾಗವನ್ನು ತೆರೆದು ನೋಡುವವರು ವಿರಳ. ಅಲ್ಲಿ ವಿಳಂಬವನ್ನು ಕುರಿತು ಕಾಣುವ ಸೂಕ್ಷ್ಮವಿವೇಚನೆಯು ನನ್ನನ್ನು ಚಕಿತನನ್ನಾಗಿ ಮಾಡಿದೆಯೆಂದರೆ ಅತಿಶಯೋಕ್ತಿಯಲ್ಲ.

ಸ್ಮೃತಿಕಾರನು ಒಂದೆಡೆ ಹೇಳುವುದೇನೆಂದರೆ, ತನ್ನ ಭೂಮಿಯನ್ನು ಅನ್ಯನು ಅನುಭವಿಸುತ್ತಿರುವುದನ್ನು ಕಣ್ಣಾರೆ ಕಂಡೂ ತುಟಿ ಬಿಚ್ಚದವನಿಗೆ 20 ವರ್ಷಗಳಲ್ಲಿಯೂ, ಚರಸ್ವತ್ತಿನ ವಿಷಯದಲ್ಲಿ ಹಾಗೆ ಸುಮ್ಮನಿದ್ದವನಿಗೆ 10 ವರ್ಷಗಳಲ್ಲಿಯೂ ಹಾನಿಯೊದಗುವುದು. ವಿಜ್ಞಾನೇಶ್ವರನು ಇದನ್ನು ವಿವರಿಸುವಾಗ, ಮೌನವಾಗಿ ಕುಳಿತ ಮಾತ್ರದಿಂದ ಒಬ್ಬನ ಸ್ವತ್ತು ಇನ್ನೊಬ್ಬನದಾಗಲಾರದೆಂದೂ, ಇಲ್ಲಿ ಹೇಳಿದ ಹಾನಿಯು ಸ್ವತ್ತಿನ ಹಾನಿಯಲ್ಲದೆ ಅದರ ಫಲದ ಹಾನಿಯೆಂದೂ ತೀರ್ಮಾನಿಸುತ್ತಾನೆ. ಇದಲ್ಲದೆ ಒತ್ತೆಯಿಟ್ಟ ವಸ್ತು, ಗಡಿಯ ನೆಲ, ಮಕ್ಕಳ ಸೊತ್ತು, ಬುದ್ಧಿ ಬಲಿಯದವರ ಸೊತ್ತು, ಸ್ತ್ರೀಯರ ಸೊತ್ತು ಮೊದಲಾದವುಗಳಿಗೆ ಈ ನಿಯಮವು ತಟ್ಟದೆಂದು ಸ್ಮೃತಿಯೇ ಹೇಳಿದೆ. ಮಾತನಾಡಲಾರದವನ ಮೌನವನ್ನೂ ಮಾತನಾಡಲೊಲ್ಲದವನ ಮೌನವನ್ನೂ ಒಂದೇ ತೂಕದಲ್ಲಿ ಇಡಬಾರದೆಂಬ ಅರಿವು ಅಂದೇ ಇದ್ದಿತೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷ್ಯ ಬೇಕಿಲ್ಲ.

ಇದು ಧನದ ಮಾತಾಯಿತು. ಹೊಡೆದಾಟ, ಕಳವು, ಬೈಗುಳು, ಸಾಹಸವೆಂದು ಶಾಸ್ತ್ರವು ಕರೆಯುವ ಬಲಾತ್ಕಾರದ ಕೃತ್ಯಗಳು, ಇವುಗಳ ವಿಷಯದಲ್ಲಿ ಸ್ಮೃತಿಯ ಧ್ವನಿಯೇ ಬದಲಾಗುತ್ತದೆ. ಅಲ್ಲಿ ಪ್ರತಿವಾದಿಗೆ ಗಡುವು ಕೊಡದೆ ಕೂಡಲೇ ಉತ್ತರ ಕೇಳಬೇಕು. ಉಳಿದ ವಿವಾದಗಳಲ್ಲಿ ಮಾತ್ರ ಇಚ್ಛಾನುಸಾರ ಕಾಲವನ್ನು ಕೊಡಬಹುದು. ಕರೆದರೂ ಸಭೆಗೆ ಬಾರದವನನ್ನು ಇನ್ನೊಬ್ಬ ಸ್ಮೃತಿಕಾರನಾದ ನಾರದನು ಐದು ಬಗೆಯ ಹೀನವಾದಿಗಳಲ್ಲಿ ಒಬ್ಬನನ್ನಾಗಿ ಎಣಿಸಿದ್ದಾನೆ. ಇಷ್ಟೇ ಆಗಿದ್ದರೆ ಇದನ್ನು ಎತ್ತಿ ಹೇಳುವ ಅವಶ್ಯಕತೆಯಿರಲಿಲ್ಲ. ಧನಕ್ಕೆ ಸಂಬಂಧಿಸಿದ ವಿವಾದಗಳಲ್ಲಿ ವಾದಿಯು ಪ್ರಮಾದದಿಂದ ತಪ್ಪು ನುಡಿದರೆ ಅವನು ದಂಡಕ್ಕೆ ಪಾತ್ರನಾದರೂ ಮೂಲ ವಿಷಯವನ್ನು ಕಳೆದುಕೊಳ್ಳುವುದಿಲ್ಲವೆಂಬ ನಾರದನ ಮಾತನ್ನು ಹಿಡಿದು ವಿಜ್ಞಾನೇಶ್ವರನು ಒಂದು ಹೆಜ್ಜೆ ಮುಂದೆ ಹೋಗುತ್ತಾನೆ: ಧನವಿವಾದವೆಂದು ಇಲ್ಲಿ ಬಿಡಿಸಿ ಹೇಳಿರುವುದರಿಂದಲೇ, ಕೋಪದಿಂದ ಹುಟ್ಟಿದ ವಿವಾದಗಳಲ್ಲಿ ಅಂತಹ ಪ್ರಮಾದವು ಮೂಲ ವಿಷಯವನ್ನೇ ಕಳೆಯುವುದೆಂದು ತಿಳಿಯತಕ್ಕದ್ದು ಎಂಬುದು ಅವನ ನಿರ್ಣಯ. ಅವನು ಹೇಳಿದ್ದು ಮಾತಿನ ಪ್ರಮಾದವನ್ನು ಕುರಿತು. ಕಾಲದ ಪ್ರಮಾದಕ್ಕೆ ಅದನ್ನು ಹೊಂದಿಸುತ್ತಿರುವವನು ನಾನು. ಆದರೂ ತತ್ತ್ವವು ಒಂದೇ. ಹಣದ ವ್ಯಾಜ್ಯದಲ್ಲಿ ವಾದಿಯ ತಪ್ಪನ್ನು ಹಣದಿಂದಲೇ ತುಂಬಿಸಬಹುದು. ದಂಡ ಹಾಕಿ, ಬಡ್ಡಿ ಕಡಿದು, ಖರ್ಚು ಕೊಡಿಸಿ ತಕ್ಕಡಿಯನ್ನು ಸಮಮಾಡಬಹುದು. ಒಬ್ಬನ ದೇಹ, ಮಾನ, ಸ್ವಾತಂತ್ರ್ಯಗಳು ಎದುರಿನ ತಟ್ಟೆಯಲ್ಲಿರುವಾಗ ಹಾಗೆ ತುಂಬಿಸಲು ಯಾವ ನಾಣ್ಯವೂ ಇಲ್ಲ.

ಆಧುನಿಕ ಭಾರತದ ನ್ಯಾಯಾಲಯಗಳು ಈ ಭೇದವನ್ನು ಕೆಲವೊಮ್ಮೆ ಮರೆತಿವೆಯೆಂದು ನನಗೆ ತೋರುತ್ತದೆ. ವಿಳಂಬವನ್ನು ಉದಾರವಾಗಿ ಮನ್ನಿಸಬೇಕೆಂದು ವಾದಿಸುವವರೆಲ್ಲರೂ ನೆಚ್ಚುವುದು 1987ರ ಅನಂತನಾಗ್ ಪ್ರಕರಣದ ತೀರ್ಪನ್ನು. ಪ್ರತಿಯೊಂದು ದಿನದ ತಡಕ್ಕೂ ಲೆಕ್ಕ ಕೇಳುವ ಪಾಂಡಿತ್ಯವನ್ನು ಬಿಟ್ಟು, ವಿಷಯದ ಸತ್ತ್ವವನ್ನು ನೋಡಿ ನ್ಯಾಯ ಮಾಡಬೇಕೆಂಬುದು ಅದರ ಸಾರ. ಒಪ್ಪತಕ್ಕ ಮಾತು. ಆದರೆ ಆ ಪ್ರಕರಣವಾದರೂ ಎಂತಹುದು? ಸರ್ಕಾರವು ವಶಪಡಿಸಿಕೊಂಡ ಭೂಮಿಗೆ ಕೊಡಬೇಕಾದ ಪರಿಹಾರದ ಮೊತ್ತವನ್ನು ಕುರಿತದ್ದು. ಮನ್ನಿಸಿದ ವಿಳಂಬವು 4 ದಿನಗಳದು. ಭೂಮಿಯ ಬೆಲೆಯ ವ್ಯಾಜ್ಯದಲ್ಲಿ ಹುಟ್ಟಿದ ಔದಾರ್ಯವನ್ನು, ಸೆರೆಮನೆಯ ಭಯದಿಂದ ಬಿಡುಗಡೆ ಹೊಂದಿ ಮನೆಗೆ ಹೋಗಿ ನೇಗಿಲು ಹಿಡಿದವನನ್ನು ಐನೂರು ದಿನಗಳ ಮೇಲೆ ಮತ್ತೆ ಕರೆಸುವುದಕ್ಕಾಗಿ ಎತ್ತಿ ತರುವುದು ಕಲ್ಯಾಣದ ವ್ಯಾಖ್ಯಾನಕಾರನಿಗೆ ಸಮ್ಮತವಾಗುತ್ತಿರಲಿಲ್ಲ.

ವಿಳಂಬದ ಕ್ಷಮೆ ಎಂದು ನಾವು ಎಷ್ಟು ಸಲೀಸಾಗಿ ಹೇಳುತ್ತೇವೆ! ಕ್ಷಮೆಯೆಂಬುದು, ಅಪಕಾರಕ್ಕೆ ಒಳಗಾದವನು ಅಪಕಾರ ಮಾಡಿದವನಿಗೆ ನೀಡತಕ್ಕ ದಾನ. ನನ್ನ ಮನೆಯ ಕಣಜವನ್ನು ಸೂರೆಗೊಟ್ಟು ನೀವು ದಾನಶೂರರೆನಿಸಿಕೊಂಡರೆ ಲೋಕವು ಮೆಚ್ಚೀತೆ? ಫಿರ್ಯಾದಿಯು ತಡಮಾಡಿದಾಗ ನ್ಯಾಯಾಧೀಶನಿಗೆ ಆಗುವ ಕಷ್ಟವು ಅತ್ಯಲ್ಪ; ಕಷ್ಟವೆಲ್ಲವೂ ಖುಲಾಸೆಯಾದವನದು. ಅವನು ನಿರ್ದೋಷಿಯೆಂಬ ಮುದ್ರೆಯನ್ನು ಪಡೆದು, ಮಗಳಿಗೆ ಗಂಡು ನೋಡಿ, ಸಾಲ ತೀರಿಸಿ, ಸಾಕ್ಷಿಯಾಗಿದ್ದ ಮುದುಕನು ತೀರಿಕೊಂಡದ್ದನ್ನು ಕೇಳಿ, ವಿಚಾರಣೆಯ ಕಾಗದಗಳನ್ನು ಎಲ್ಲಿಯೋ ಇಟ್ಟು ಮರೆತಿರುತ್ತಾನೆ. ಆಗ ನ್ಯಾಯಾಲಯವು ಫಿರ್ಯಾದಿಗೆ, ಹೋಗಲಿ, ತಡವಾದುದನ್ನು ಮನ್ನಿಸಿದೆವು ಎನ್ನುವುದಾದರೆ ಆ ಮನ್ನಣೆಯ ಬೆಲೆಯನ್ನು ತೆರುವವನು ಬೇರೊಬ್ಬನು. ಆದುದರಿಂದಲೇ, ಎದುರಾಳಿಗೆ ನೋಟೀಸು ಕೊಟ್ಟು ಅವನ ಮಾತನ್ನು ಕೇಳಿದ ಹೊರತು ವಿಳಂಬವನ್ನು ಮನ್ನಿಸಬಾರದೆಂಬ ಪದ್ಧತಿಯು ಕೇವಲ ಕಚೇರಿಯ ಶಿಷ್ಟಾಚಾರವೆಂದು ನಾನು ಭಾವಿಸುವುದಿಲ್ಲ. ಕ್ಷಮೆಯ ಖರ್ಚು ಯಾರ ಹೆಗಲಿಗೆ ಬೀಳುವುದೋ ಅವನನ್ನು ಒಂದು ಮಾತು ಕೇಳದ ಕ್ಷಮೆಯು ಧರ್ಮದೃಷ್ಟಿಯಿಂದ ಕ್ಷಮೆಯೇ ಅಲ್ಲ.

ಇದಕ್ಕೆ ಒಂದು ಪ್ರತ್ಯುತ್ತರವುಂಟು. ಅವನು ನಿಜವಾಗಿಯೂ ಅಪರಾಧಿಯಾಗಿದ್ದರೆ ಆ ಕಷ್ಟಕ್ಕೆ ಅವನು ಅರ್ಹನೇ ಅಲ್ಲವೇ? ಆಗಿರಬಹುದು; ಆದರೆ ಅದನ್ನು ಬಲ್ಲವರು ಯಾರು? ದೈವಕ್ಕೆ ಮುದ್ದತಿನ ಅಗತ್ಯವಿಲ್ಲವೇಕೆಂದರೆ ದೈವಕ್ಕೆ ಸಾಕ್ಷಿಯ ಅಗತ್ಯವಿಲ್ಲ, ಅದರ ನೆನಪು ಮಾಸುವುದಿಲ್ಲ. ಮನುಷ್ಯನ ನ್ಯಾಯಾಸನವಾದರೋ ಅನ್ಯರ ಕಣ್ಣಿನಿಂದ ಕಂಡು, ಅನ್ಯರ ಕಿವಿಯಿಂದ ಕೇಳಿ, ಕಾಗದದಲ್ಲಿ ಉಳಿದಷ್ಟನ್ನು ಮಾತ್ರ ನೆನೆಯಬಲ್ಲದು. ನಮ್ಮ ಅಲ್ಪಜ್ಞತೆಯನ್ನು ನಾವೇ ಒಪ್ಪಿಕೊಂಡು ಹಾಕಿಕೊಂಡ ಬೇಲಿಯೇ ಕಾಲಮಿತಿ. ಚಂದ್ರಪ್ಪ ವಿರುದ್ಧ ಕರ್ನಾಟಕ ರಾಜ್ಯವೆಂಬ 2007ರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಆರೋಪಿಯು ನಿರ್ದೋಷಿಯೆಂಬ ಭಾವನೆಯು ಎಲ್ಲರಿಗೂ ಇರುವ ಮೂಲಭೂತ ರಕ್ಷಣೆಯಾಗಿರಲು, ವಿಚಾರಣೆಯ ನಂತರ ಖುಲಾಸೆಯಾದಾಗ ಅದು ಇಮ್ಮಡಿಯಾಗುವುದೆಂದೂ, ಸಾಕ್ಷ್ಯದಿಂದ ಎರಡು ಯುಕ್ತವಾದ ತೀರ್ಮಾನಗಳು ಹೊರಡಬಹುದಾದ ಕಡೆ ಮೇಲಿನ ನ್ಯಾಯಾಲಯವು ಖುಲಾಸೆಯನ್ನು ಕದಲಿಸಬಾರದೆಂದೂ ಸ್ಪಷ್ಟಪಡಿಸಿತು. ಹೀಗೆ ಇಮ್ಮಡಿಯಾದ ರಕ್ಷಣೆಯನ್ನು ಮುರಿಯಲು ಬರುವವನು ತನ್ನ ಎಚ್ಚರವನ್ನೂ ಇಮ್ಮಡಿಸಿಕೊಂಡು ಬರಬೇಕೆಂದು ಅಪೇಕ್ಷಿಸುವುದು ಅನ್ಯಾಯವಲ್ಲ.

ಎಚ್ಚರವೆಂಬ ಮಾತು ಬಂದಿತಾದ್ದರಿಂದ, ಕುರುಡು ರಾಜನಾದ ಧೃತರಾಷ್ಟ್ರನಿಗೆ ಸನತ್ಸುಜಾತನು ಉದ್ಯೋಗಪರ್ವದಲ್ಲಿ ಮಾಡಿದ ಉಪದೇಶವನ್ನು ಇಲ್ಲಿ ಸ್ಮರಿಸುವುದು ಅಪ್ರಸ್ತುತವಾಗಲಾರದು. ಮೃತ್ಯುವೆಂಬುದು ಬೇರೆಲ್ಲಿಂದಲೋ ಹುಲಿಯಂತೆ ಹಾರಿ ಬರುವಂತಹುದಲ್ಲ, ಮನುಷ್ಯನ ಎಚ್ಚರಗೇಡಿತನದಲ್ಲಿಯೇ ಅದು ಮನೆಮಾಡಿದೆ ಎಂಬುದು ಆ ಋಷಿಯ ಆಶಯ. ಮಗನ ಅನ್ಯಾಯವನ್ನು ಬಲ್ಲವನಾಗಿಯೂ ನಾಳೆ ನೋಡೋಣವೆಂದು ದಿನಗಳನ್ನು ದೂಡಿದ ರಾಜನಿಗೆ ಆ ಮಾತನ್ನು ಹೇಳಿಸಿದ ಕವಿಯ ಔಚಿತ್ಯವನ್ನು ಎಷ್ಟು ಮೆಚ್ಚಿದರೂ ಸಾಲದು. ಗೀತೆಯು ತಮೋಗುಣದ ಬಂಧನಗಳನ್ನು ಹೇಳುವಾಗ ಪ್ರಮಾದ, ಆಲಸ್ಯ, ನಿದ್ರೆಯೆಂದು ಮೂರನ್ನು ಬೇರೆಬೇರೆಯಾಗಿ ಎಣಿಸಿದೆ. ವಿಳಂಬ ಮಾಫಿಯ ಅರ್ಜಿಗಳನ್ನು ವಿಚಾರಿಸುವ ನ್ಯಾಯಾಧೀಶನಿಗೆ ಈ ವಿಂಗಡಣೆಯು ಉಪಯುಕ್ತವಾದೀತು. ಮುದ್ದತು ಇಂತಿಷ್ಟೆಂದು ತಿಳಿಯದೆ ಇದ್ದವನು ನಿದ್ರೆಯಲ್ಲಿರುವವನು, ಅವನನ್ನು ಎಬ್ಬಿಸಬಹುದು. ತಿಳಿದಿದ್ದು ದಿನ ತಪ್ಪಿಸಿಕೊಂಡವನು ಪ್ರಮಾದಿ, ಅವನನ್ನು ಎಚ್ಚರಿಸಿ ದಂಡ ಹಾಕಿ ಬಿಡಬಹುದು. ತಿಳಿದೂ, ಶಕ್ತಿಯಿದ್ದೂ, ಬೇಕಾದಾಗ ನೋಡಿಕೊಂಡರಾಯಿತೆಂದು ಇನ್ನೊಬ್ಬನ ಬದುಕನ್ನು ತನ್ನ ಗೂಟಕ್ಕೆ ಕಟ್ಟಿಟ್ಟವನು ಮಾತ್ರ ಆಲಸಿ. ಗೀತೆಯೇ ಇನ್ನೊಂದೆಡೆ ದೀರ್ಘಸೂತ್ರಿಯೆಂದು ಕರೆದಿರುವುದು ಇವನನ್ನೇ ಎಂದು ತೋರುತ್ತದೆ.

ಇವನ ಮುಖವನ್ನು ಹತ್ತಿರದಿಂದ ನೋಡಬೇಕಾದರೆ ಚೆಕ್ಕಿನ ಪ್ರಕರಣಗಳನ್ನು ನೋಡಬೇಕು. ಸೊಲ್ಲಾಪುರವು ಚಾದರಿನ ಊರು, ಟವೆಲ್ಲಿನ ಊರು. ಅಲ್ಲಿ ನೂಲು ಉದ್ರಿಯ ಮೇಲೆ ಹೋಗುತ್ತದೆ, ಹಣವು ಚೆಕ್ಕಿನ ಮೇಲೆ ಬರುತ್ತದೆ, ಚೆಕ್ಕು ಒಮ್ಮೊಮ್ಮೆ ಬ್ಯಾಂಕಿನಿಂದ ಹಾಗೆಯೇ ಮರಳುತ್ತದೆ. ನೂಲಿನ ವ್ಯಾಪಾರಿಯೊಬ್ಬನು ಫಿರ್ಯಾದಿ ಹೂಡುತ್ತಾನೆಂದುಕೊಳ್ಳೋಣ. ಮಗ್ಗದ ಮಾಲಿಕನು ಪ್ರತಿ ತಾರೀಖಿಗೂ ಬಂದು ಕಟಕಟೆಯ ಬಳಿ ನಿಲ್ಲುತ್ತಾನೆ, ಹೂಡಿದವನು ಬರುವುದಿಲ್ಲ. ಫಿರ್ಯಾದಿಯು ಗೈರುಹಾಜರಾದರೆ ಆರೋಪಿಯನ್ನು ಖುಲಾಸೆ ಮಾಡಲು 1973ರ ಸಂಹಿತೆಯ 256ನೆಯ ಕಲಮು ಅವಕಾಶ ಕೊಟ್ಟಿತ್ತು. ಮ್ಯಾಜಿಸ್ಟ್ರೇಟರು ಹಲವು ಸಲ ಕಾದು ಹಾಗೆಯೇ ಮಾಡುತ್ತಾರೆ. ಬಳಿಕ ಮತ್ತೊಂದು ವರ್ಷ ಕಳೆದು ವ್ಯಾಪಾರಿಯು ಅಪೀಲಿನೊಡನೆ ವಿಳಂಬ ಮಾಫಿಯ ಅರ್ಜಿಯನ್ನೂ ಹಿಡಿದು ಬರುತ್ತಾನೆ: ವಕೀಲರು ತಾರೀಖು ತಿಳಿಸಲಿಲ್ಲ, ಗುಮಾಸ್ತನು ಕೆಲಸ ಬಿಟ್ಟು ಹೋದನು, ತನಗೆ ಬೆನ್ನುನೋವಿತ್ತು. ಬೆನ್ನುನೋವಿನ ಆ ವರ್ಷದಲ್ಲಿ ಅಂಗಡಿಯು ಒಂದು ದಿನವೂ ಮುಚ್ಚಿರಲಿಲ್ಲವೆಂಬುದು ಓಣಿಗೆಲ್ಲ ಗೊತ್ತು. ಮೊದಲು ಸಾಲ ವಸೂಲಿಗಾಗಿ ದಂಡಶಾಸನವನ್ನು ಹಿಡಿದು, ಅನಂತರ ಆ ದಂಡಶಾಸನವನ್ನೂ ಬಿಡುವಾದಾಗ ಕೈಗೆತ್ತಿಕೊಳ್ಳುವ ಈ ಬಗೆಯ ಫಿರ್ಯಾದಿಗೆ ಉದಾರತೆ ತೋರಿಸುವುದು ನ್ಯಾಯಪೀಠದ ದೌರ್ಬಲ್ಯ. 2025ರ ಏಪ್ರಿಲಿನಲ್ಲಿ ನ್ಯಾಯಮೂರ್ತಿ ಬಿ. ವಿ. ನಾಗರತ್ನ ಅವರಿದ್ದ ಪೀಠವು ಚೆಕ್ಕಿನ ಪ್ರಕರಣದ ಫಿರ್ಯಾದಿಯೂ ಸಂತ್ರಸ್ತನೇ, ವಿಶೇಷ ಅನುಮತಿಯಿಲ್ಲದೆ ಅವನು ಅಪೀಲು ಮಾಡಬಹುದೆಂದು ತೀರ್ಪಿತ್ತ ಮೇಲಂತೂ ಬಾಗಿಲು ಇನ್ನಷ್ಟು ಹತ್ತಿರವಾಗಿದೆ. ಬಾಗಿಲು ಹತ್ತಿರವಾದಷ್ಟೂ ತಡವಾಗಿ ಬರುವವನ ನೆಪಗಳು ಹಗುರಾಗಬೇಕು.

ಆದರೆ ಎಲ್ಲ ಫಿರ್ಯಾದಿಗಳೂ ನೂಲಿನ ವ್ಯಾಪಾರಿಗಳಲ್ಲ. ಬಾಗಲಕೋಟೆಯ ಕಡೆಯ ಒಬ್ಬ ಗಾಯಾಳುವಿನ ಪ್ರಕರಣವು ನಮ್ಮ ಕಣ್ಣೆದುರಿಗಿದೆ. 2009ರ ಫೆಬ್ರವರಿ 6ರ ರಾತ್ರಿ ಅವನ ಮೇಲೆ ಹಲ್ಲೆಯಾಯಿತು. 2013ರ ಅಕ್ಟೋಬರ್ 28ರಂದು ಬಾಗಲಕೋಟೆಯ ಸೆಷನ್ಸ್ ನ್ಯಾಯಾಲಯವು ಆರೋಪಿಗಳನ್ನು ಖುಲಾಸೆ ಮಾಡಿತು. ಸಂತ್ರಸ್ತರಿಗೆ ಅಪೀಲಿನ ಹಕ್ಕು ಬೇಕೆಂದು ಕನ್ನಡಿಗರೇ ಆದ ನ್ಯಾಯಮೂರ್ತಿ ವಿ. ಎಸ್. ಮಳಿಮಠರ ಸಮಿತಿಯು 2003ರಲ್ಲಿ ಹೇಳಿದ್ದು, 2009ರ ಡಿಸೆಂಬರ್ 31ರಂದು ಕಾಯಿದೆಯಾಗಿ ಜಾರಿಗೆ ಬಂದಿತ್ತು. ಹಲ್ಲೆಯು ಅದಕ್ಕೂ ಮುಂಚಿನದೆಂದು ಉಚ್ಚ ನ್ಯಾಯಾಲಯವು ಅವನ ಅಪೀಲನ್ನು ಸ್ವೀಕರಿಸಲಿಲ್ಲ. ಬೇರೊಂದು ಕಲಮಿನಡಿ ಮತ್ತೆ ಹೋದನು, ಅಲ್ಲಿಯೂ ನಡೆಯಲಿಲ್ಲ. ಅವನು ಸುಮ್ಮನೆ ಕುಳಿತವನಲ್ಲ, ಒಂದಾದ ಮೇಲೊಂದು ಕದ ತಟ್ಟಿದವನು. 2018ರ ಅಕ್ಟೋಬರ್ 12ರಂದು ಸರ್ವೋಚ್ಚ ನ್ಯಾಯಾಲಯವು ಬಹುಮತದಿಂದ ಅವನ ಪರವಾಗಿ, ಸಂತ್ರಸ್ತನ ಅಪೀಲಿಗೆ ಅನುಮತಿಯೇ ಬೇಕಿಲ್ಲವೆಂದು ತೀರ್ಪಿತ್ತಾಗ, ಪ್ರಕರಣದ ಶೀರ್ಷಿಕೆಯಲ್ಲಿ ಅವನ ಹೆಸರಿನ ಪಕ್ಕದಲ್ಲಿ ಮೃತನೆಂದು ಬರೆದಿತ್ತು. ಇಲ್ಲಿ ವಿಳಂಬವು ಯಾರದು? ಇಷ್ಟು ಮಹತ್ತ್ವದ ಹಕ್ಕನ್ನು ಕೊಟ್ಟ ಆ ಕಾಯಿದೆಯಲ್ಲಿ ಶಾಸನಕರ್ತರು ಅಪೀಲಿನ ಕಾಲಾವಧಿಯನ್ನು ನಮೂದಿಸುವುದನ್ನೇ ಮರೆತರು. ಪ್ರಮಾದವು ಫಿರ್ಯಾದಿಗಳ ಗುತ್ತಿಗೆಯೇನಲ್ಲ.

ಅಂತೆಯೇ ನಮ್ಮ ಸೀಮೆಯ ದಾರಿಯ ದೂರವನ್ನೂ ನೆನೆಯಬೇಕು. ಅಕ್ಕಲಕೋಟೆಯ ಹಳ್ಳಿಯ ಫಿರ್ಯಾದಿಯು ಉಚ್ಚ ನ್ಯಾಯಾಲಯಕ್ಕೆ ಹೋಗಬೇಕೆಂದರೆ ಮೊದಲು ತಾಲ್ಲೂಕಿನಿಂದ ಸುಮಾರು 40 ಕಿಲೋಮೀಟರು ಸೊಲ್ಲಾಪುರಕ್ಕೆ ಬಂದು, ಅಲ್ಲಿ ರಾತ್ರಿಯ ಸಿದ್ಧೇಶ್ವರ ಎಕ್ಸ್‌ಪ್ರೆಸ್ಸನ್ನು ಹತ್ತಿ, ಮತ್ತೆ ಸುಮಾರು 450 ಕಿಲೋಮೀಟರು ಸಾಗಿ, ಬೆಳಗಾಗುವಾಗ ಮುಂಬಯಿಯಲ್ಲಿ ಇಳಿದು, ತನಗೆ ಓದಲು ಬಾರದ ತೀರ್ಪನ್ನು ಕಂಕುಳಲ್ಲಿಟ್ಟುಕೊಂಡು ತಾನು ಕಾಣದ ವಕೀಲರನ್ನು ಹುಡುಕಬೇಕಾಗಿತ್ತು. ಸೊನ್ನಲಿಗೆಯಲ್ಲಿ ಕೆರೆ ಕಟ್ಟಿಸಿ ಜನರ ನೀರಡಿಕೆಯನ್ನು ನೀಗಿದ ಸಿದ್ಧರಾಮನ ಹೆಸರಿನ ಗಾಡಿಯಲ್ಲಿ ಎಷ್ಟು ಜನರು ಹೀಗೆ ಬರಿಗೈಯಲ್ಲಿ ಮರಳಿದರೋ! ಇಂತಹವನು 20 ದಿನ ತಡವಾಗಿ ಬಂದರೆ, ಸ್ಮೃತಿಕಾರನು ಮಕ್ಕಳಿಗೂ ಅಬಲರಿಗೂ ತೋರಿಸಿದ ರಿಯಾಯಿತಿಯು ಇವನಿಗೂ ಸಲ್ಲತಕ್ಕದ್ದು. ಏಕೆಂದರೆ ಇವನದು ಒಲ್ಲದವನ ಮೌನವಲ್ಲ, ಆರದವನ ಮೌನ. ಸರ್ಕಾರದ ವಿಳಂಬಕ್ಕೆ ಮಾತ್ರ ಈ ರಿಯಾಯಿತಿ ಎಳ್ಳಷ್ಟೂ ಸಲ್ಲದು. ಅಂಚೆ ಇಲಾಖೆಯು 427 ದಿನ ತಡಮಾಡಿ ಬಂದ 2012ರ ದಿವಾಣಿ ಪ್ರಕರಣದಲ್ಲಿ, ಕಡತವು ಮೇಜಿನಿಂದ ಮೇಜಿಗೆ ಸಾಗುತ್ತಿತ್ತೆಂಬ ಸಮಜಾಯಿಷಿಯನ್ನು ಸರ್ವೋಚ್ಚ ನ್ಯಾಯಾಲಯವು ತಳ್ಳಿಹಾಕಿದ್ದು ಎಲ್ಲ ಸರ್ಕಾರಿ ವಕೀಲರ ಕೊಠಡಿಯಲ್ಲಿಯೂ ತೂಗುಹಾಕಬೇಕಾದ ತೀರ್ಪು.

ಅವಸರದ ನ್ಯಾಯವೇ ಮೇಲೆಂದು ನಾನು ಹೇಳುತ್ತಿರುವೆನೆಂದು ಯಾರೂ ತಿಳಿಯಬಾರದು. ಅವಸರವು ಏನನ್ನು ಮಾಡಬಲ್ಲದೆಂಬುದನ್ನು ಸೊಲ್ಲಾಪುರಕ್ಕಿಂತ ಚೆನ್ನಾಗಿ ಬಲ್ಲ ಊರು ಕಡಮೆ. 1930ರ ಮೇ ತಿಂಗಳಲ್ಲಿ ಗಲಭೆಯಾಗಿ ಲಷ್ಕರಿ ಕಾಯಿದೆ ಹೇರಲ್ಪಟ್ಟಿತು. ಮಲ್ಲಪ್ಪ ಧನಶೆಟ್ಟಿ, ಕುರ್ಬಾನ್ ಹುಸೇನ್, ಜಗನ್ನಾಥ ಶಿಂದೆ, ಶ್ರೀಕಿಸನ್ ಸಾರ್ಡಾ ಈ ನಾಲ್ವರನ್ನು 1931ರ ಜನವರಿ 12ರಂದು, ಊರು ಸಿದ್ಧರಾಮನ ಸಂಕ್ರಾಂತಿಯ ಜಾತ್ರೆಯ ಹೊಸ್ತಿಲಲ್ಲಿದ್ದಾಗ, ಯರವಡೆಯಲ್ಲಿ ಗಲ್ಲಿಗೇರಿಸಲಾಯಿತು. ಕೃತ್ಯ, ವಿಚಾರಣೆ, ಅಪೀಲು, ಗಲ್ಲು ಎಲ್ಲವೂ ಎಂಟು ತಿಂಗಳಲ್ಲಿ ಮುಗಿದುವು. ದಂಡಿಸುವ ಆತುರಕ್ಕೂ ದಂಡನೆಯನ್ನು ಕೇಳಲು ಬರುವವನ ಆಲಸ್ಯಕ್ಕೂ ಮೂಲವು ಒಂದೇ: ಎದುರಿನ ಕಟಕಟೆಯಲ್ಲಿ ನಿಂತವನೂ ತನ್ನಂತೆಯೇ ಒಂದೇ ಆಯುಷ್ಯವುಳ್ಳವನೆಂಬ ಅರಿವಿನ ಅಭಾವ.

ಸ್ಮೃತಿಯು ಇನ್ನೊಂದು ಮಾತನ್ನೂ ಹೇಳಿದೆ. ನ್ಯಾಯವಾಗಿಯೇ ಸೋತಿದ್ದರೂ ತಾನು ಸೋಲಲಿಲ್ಲವೆಂದು ಭಾವಿಸಿ ಮತ್ತೆ ಸಭೆಗೆ ಬರುವವನನ್ನು ರಾಜನು ತಡೆಯಬಾರದು. ಆದರೆ ಮತ್ತೆ ಸೋತರೆ ಇಮ್ಮಡಿ ದಂಡವನ್ನು ತೆರಿಸಬೇಕು. ಇಂದಿನ ಸಂಹಿತೆಯಲ್ಲಿ ಅಂತಹ ದಂಡವಿಲ್ಲ; ಅದಕ್ಕೆ ಬದಲಾಗಿ, ಫಿರ್ಯಾದಿಯ ವಿಶೇಷ ಅನುಮತಿಯ ಅರ್ಜಿಯು ತಿರಸ್ಕೃತವಾದರೆ ಅದೇ ಖುಲಾಸೆಯ ಮೇಲೆ ಸರ್ಕಾರವೂ ಅಪೀಲು ಮಾಡುವಂತಿಲ್ಲವೆಂಬ ನಿಯಮವಿದೆ. ಅಂದರೆ ಅಜಾಗರೂಕತೆಯಿಂದ ಕೆಟ್ಟದಾಗಿ ಹಾಕಿದ ಒಂದು ಅರ್ಜಿಯು ತನ್ನ ಬಾಗಿಲನ್ನಲ್ಲದೆ ನೆರೆಯ ಬಾಗಿಲನ್ನೂ ಮುಚ್ಚಬಲ್ಲದು. ಇದನ್ನು ಎಷ್ಟು ಫಿರ್ಯಾದಿಗಳಿಗೆ ಅವರ ವಕೀಲರು ಮೊದಲೇ ತಿಳಿಸಿರುತ್ತಾರೆಂದು ಕೇಳಬೇಕೆನಿಸುತ್ತದೆ.

ನನ್ನ ತೀರ್ಮಾನವಿಷ್ಟು: ದಿನಗಳ ಸಂಖ್ಯೆಯನ್ನು ನೋಡಿ ಮನ್ನಿಸುವುದೂ ಸಲ್ಲದು, ನಿರಾಕರಿಸುವುದೂ ಸಲ್ಲದು; ಆರದವನಿಗೆ ಮನ್ನಣೆಯಿರಲಿ, ಒಲ್ಲದವನಿಗೆ ಬೇಡ, ಸರ್ಕಾರಕ್ಕಂತೂ ಎಷ್ಟು ಮಾತ್ರಕ್ಕೂ ಬೇಡ. ಈ ಗಡಿಸೀಮೆಯ ನನ್ನ ಓದುಗರಲ್ಲಿ ಯಾರಾದರೂ ಇಂತಹ ದುರ್ದೆಸೆಗೆ ಸಿಕ್ಕವರಿದ್ದರೆ ಅವರಿಗೆ ಹೇಳುವ ಮಾತು ಇದು: ಖುಲಾಸೆಯ ತೀರ್ಪಾದ ದಿನವೇ ನಕಲಿಗೆ ಅರ್ಜಿ ಹಾಕಿರಿ, ನಕಲು ದೊರೆಯಲು ಹಿಡಿದ ಕಾಲವನ್ನು ಕಾಯಿದೆಯು ಲೆಕ್ಕದಿಂದ ಬಿಡುತ್ತದೆ, ನಕಲು ಕೈಗೆ ಬಂದ ಕೂಡಲೇ ಕನ್ನಡ ಬಲ್ಲವರಿಂದ ಅದನ್ನು ಓದಿಸಿ ಕೇಳಿರಿ, ಮತ್ತು 2025ರ ಆಗಸ್ಟ್ 18ರಿಂದ ಸೊಲ್ಲಾಪುರ ಜಿಲ್ಲೆಯು ಕೊಲ್ಲಾಪುರದ ಸಂಚಾರಿ ಪೀಠಕ್ಕೆ ಸೇರಿರುವುದರಿಂದ, ಉಚ್ಚ ನ್ಯಾಯಾಲಯಕ್ಕೆಂದು ಮುಂಬಯಿಯ ಗಾಡಿಯನ್ನು ಹತ್ತುವ ಕಾರಣ ಇನ್ನಿಲ್ಲ.